ಪದರು ಪದರಾಗಿ ಬಿಡುವ ದಾಲ್ಚಿನ್ನಿ ಬ್ರೆಡ್

ದಾಲ್ಚಿನ್ನಿ ಪುಲ್ ಅಪಾರ್ಟ್ ಬ್ರೆಡ್ಡನ್ನು ತಿನ್ನಲು ಚಾಕು ಬೇಕಿಲ್ಲ. ಯೀಸ್ಟ್ ಹಾಕಿ ಉಬ್ಬಿಸಿದ ಮೈದಾ ಕಣಕವನ್ನು ತೆಳ್ಳಗೆ ಲಟ್ಟಿಸಿ, ಅದಕ್ಕೆ ಬೆಣ್ಣೆ ಸವರಿ, ಸಕ್ಕರೆ ಅಥವಾ ಬೆಲ್ಲದ ಪುಡಿಯ ಜೊತೆ ದಾಲ್ಚಿನ್ನಿ ಪುಡಿ ಉದುರಿಸುತ್ತಾರೆ. ಆಮೇಲೆ ಅದನ್ನು ಚೌಕ ತುಂಡುಗಳಾಗಿ ಕತ್ತರಿಸಿ, ಉದ್ದನೆಯ ಬ್ರೆಡ್ ಟಿನ್ನಿನಲ್ಲಿ ಒಂದರ ಬೆನ್ನಿಗೊಂದು ನಿಲ್ಲಿಸಿ ಬೇಯಿಸುತ್ತಾರೆ. ಬೆಂದ ಬ್ರೆಡ್ಡಿನ ತುಂಡುಗಳು ಬೆರಳಿನಿಂದ ಎಳೆದರೆ ಒಂದೊಂದಾಗಿ ಬಿಟ್ಟುಬರುತ್ತವೆ. ಇದರ ಇನ್ನೊಂದು ರೂಪದಲ್ಲಿ ಕಣಕವನ್ನು ಸಣ್ಣ ಉಂಡೆಗಳಾಗಿ ಮಾಡಿ, ಕರಗಿದ ಬೆಣ್ಣೆಯಲ್ಲಿ ಅದ್ದಿ, ದಾಲ್ಚಿನ್ನಿ ಸಕ್ಕರೆಯಲ್ಲಿ ಹೊರಳಿಸಿ, ದುಂಡನೆಯ ಪಾತ್ರೆಯಲ್ಲಿ ಪೇರಿಸಿ ಬೇಯಿಸುತ್ತಾರೆ. ಅದಕ್ಕೆ ಮಂಕಿ ಬ್ರೆಡ್ ಎಂಬ ಹೆಸರಿದೆ.

ತುಂಡುಗಳು ಹೀಗೆ ಬಿಡಿಬಿಡಿಯಾಗಲು ಕಾರಣ ನಡುವಿನ ಜಿಡ್ಡು. ಹಸಿ ಕಣಕದ ಎರಡು ಮೈಗಳು ನೇರವಾಗಿ ತಾಗಿದರೆ ಬೆಸೆದು ಒಂದೇ ಆಗುತ್ತವೆ. ಮಧ್ಯೆ ಬೆಣ್ಣೆಯ ತೆಳು ಪೊರೆ ಇದ್ದರೆ ಆ ಬೆಸುಗೆ ಆಗುವುದಿಲ್ಲ. ವಿಜಯಪುರದ ಮನೆಗಳಲ್ಲಿ ಚಪಾತಿಯನ್ನು ಅರ್ಧ ಲಟ್ಟಿಸಿ, ಎಣ್ಣೆ ಸವರಿ, ಮಡಿಚಿ, ಮತ್ತೆ ಲಟ್ಟಿಸಿದಾಗ ಪದರು ಬಿಡುವುದೂ ಇದೇ ಕಾರಣಕ್ಕೆ. ಚಪಾತಿಯ ಪದರನ್ನು ಹಂಚಿನ ಬಿಸಿಗೆ ಏಳುವ ಹಬೆ ಬಿಡಿಸಿದರೆ, ಈ ಬ್ರೆಡ್ಡಿನಲ್ಲಿ ಪ್ರತಿ ತುಂಡೂ ಯೀಸ್ಟಿನಿಂದ ತಾನೇ ಉಬ್ಬಿ ಮೆತ್ತಗಾಗುತ್ತದೆ. ಪದರು ಚಪಾತಿ ಮಾಡಬಲ್ಲ ಕೈಗೆ ಈ ಬ್ರೆಡ್ಡಿನ ಅರ್ಧ ವಿದ್ಯೆ ಆಗಲೇ ಗೊತ್ತಿದೆ. ಉಳಿದ ಅರ್ಧ ಯೀಸ್ಟಿನ ಸ್ವಭಾವ ಮತ್ತು ಶಾಖದ ಅಳತೆ.

ಹಿನ್ನೆಲೆ

ಈ ಬಗೆಯ ಬ್ರೆಡ್ಡಿನ ಮೂಲ ಹಂಗೇರಿ ದೇಶದ್ದು. ಅಲ್ಲಿ ಕಣಕದ ಉಂಡೆಗಳನ್ನು ಬೆಣ್ಣೆ, ಸಕ್ಕರೆ, ಅಕ್ರೋಟ ಪುಡಿಯಲ್ಲಿ ಹೊರಳಿಸಿ ಬೇಯಿಸುವ ‘ಅರಾನ್ಯಗಲುಷ್ಕಾ’ ಎಂಬ ಸಿಹಿ ಹತ್ತೊಂಬತ್ತನೆಯ ಶತಮಾನದಿಂದಲೂ ಇದೆ. ಹಂಗೇರಿಯಿಂದ ವಲಸೆ ಹೋದ ಯೆಹೂದಿ ಕುಟುಂಬಗಳು ಅದನ್ನು ಅಮೆರಿಕಕ್ಕೆ ಒಯ್ದವು. 1972ರಲ್ಲಿ ಬೆಟ್ಟಿ ಕ್ರಾಕರ್ ಹೆಸರಿನ ಅಡುಗೆ ಪುಸ್ತಕದಲ್ಲಿ ಅದು ‘ಹಂಗೇರಿಯನ್ ಕಾಫಿ ಕೇಕ್’ ಎಂದು ಅಚ್ಚಾಯಿತು. 1980ರ ದಶಕದಲ್ಲಿ ಅಧ್ಯಕ್ಷ ರೇಗನ್ನರ ಪತ್ನಿ ನ್ಯಾನ್ಸಿ ರೇಗನ್ ಶ್ವೇತಭವನದ ಕ್ರಿಸ್‌ಮಸ್ ಊಟದಲ್ಲಿ ಮಂಕಿ ಬ್ರೆಡ್ ಬಡಿಸಿದ್ದರಿಂದ ಅದರ ಹೆಸರು ಇನ್ನಷ್ಟು ಹರಡಿತು. ಕಣಕದ ಹಾಳೆಯನ್ನು ಚೌಕವಾಗಿ ಕತ್ತರಿಸಿ ಉದ್ದ ಟಿನ್ನಿನಲ್ಲಿ ನಿಲ್ಲಿಸುವ ರೂಪವೂ ಇದೇ ಮನೆತನಕ್ಕೆ ಸೇರಿದ್ದು.

ಕೈಯಲ್ಲಿ ಬಿಡಿಸಿಕೊಂಡು ತಿನ್ನುವ ಬ್ರೆಡ್ ವಿಜಯಪುರಕ್ಕೆ ಹೊಸದೇನಲ್ಲ. ವಡಾಪಾವ್, ಪಾವ್ ಭಾಜಿ ಗಾಡಿಗಳಿಗೆ ಬೇಕರಿಯಿಂದ ಬರುವ ಲಾದಿ ಪಾವ್ ಕೂಡ ಪುಲ್ ಅಪಾರ್ಟ್ ಬ್ರೆಡ್ಡೇ. ಉಂಡೆಗಳನ್ನು ತಗಡಿನ ಮೇಲೆ ಒತ್ತೊತ್ತಾಗಿ ಸಾಲಿಟ್ಟು ಬೇಯಿಸಿದಾಗ ಅವು ಉಬ್ಬಿ ಪಕ್ಕಪಕ್ಕದಲ್ಲಿ ಅಂಟಿಕೊಳ್ಳುತ್ತವೆ. ಮಾರುವವರು ಬೇಕಾದಷ್ಟನ್ನು ಹರಿದು ಕೊಡುತ್ತಾರೆ. ಅಂಟಿಕೊಂಡ ಬದಿಗೆ ನೇರ ಬಿಸಿ ತಾಗದ ಕಾರಣ ಅಲ್ಲಿ ಕಂದು ಸಿಪ್ಪೆ ಬೆಳೆಯದೆ ಮೆತ್ತಗೆ ಉಳಿಯುತ್ತದೆ. ದಾಲ್ಚಿನ್ನಿ ಬ್ರೆಡ್ಡಿನ ಒಳಪದರುಗಳೂ ಮೆತ್ತಗಿರಲು ಇದೇ ಕಾರಣ.

ಪಾವ್ ಈ ಸೀಮೆಗೆ ಬಂದ ದಾರಿಗೂ ಬಿಜಾಪುರದ, ಅಂದರೆ ಇಂದಿನ ವಿಜಯಪುರದ, ಇತಿಹಾಸಕ್ಕೂ ನಂಟಿದೆ. 1510ರ ನವೆಂಬರಿನಲ್ಲಿ ಅಫೊನ್ಸೊ ಡಿ ಅಲ್ಬುಕರ್ಕ್ ನೇತೃತ್ವದ ಪೋರ್ಚುಗೀಸರು ಬಿಜಾಪುರದ ಆದಿಲ್‌ಶಾಹಿಗಳ ಕೈಯಿಂದ ಗೋವೆಯನ್ನು ಕಸಿದುಕೊಂಡರು. ಹುದುಗು ಬರಿಸಿದ ಗೋಧಿ ಬ್ರೆಡ್ಡನ್ನು ಗೋವೆಯಲ್ಲಿ ನೆಲೆಗೊಳಿಸಿದವರು ಅವರೇ. ಆಗ ಯೀಸ್ಟ್ ಪೊಟ್ಟಣಗಳಿಲ್ಲದ್ದರಿಂದ ತೆಂಗಿನ ಹೆಂಡವೇ ಹುದುಗಾಗಿತ್ತು. ಗೋವೆಯ ಬೇಕರಿಯವರ ಜೊತೆ ಪಾವ್ ಮುಂಬೈಗೆ ಹೋಯಿತು. ವಿಜಯಪುರ ಜಿಲ್ಲೆ 1956ರ ತನಕ ಮುಂಬೈ ಆಡಳಿತದಲ್ಲೇ ಇತ್ತು. ಸೊಲ್ಲಾಪುರ, ಸಾಂಗಲಿ, ಮುಂಬೈಗಳ ಜೊತೆಗಿನ ವ್ಯಾಪಾರ ಇಂದಿಗೂ ನಡೆದಿದೆ. ಹಾಗಾಗಿ ಜೋಳದ ರೊಟ್ಟಿಯ ನಾಡಿನಲ್ಲಿ ಪಾವ್ ಕೂಡ ದಿನದ ತಿನಿಸಾಯಿತು. ಪಾವಿಗೂ ದಾಲ್ಚಿನ್ನಿ ಬ್ರೆಡ್ಡಿಗೂ ಕಣಕದಲ್ಲಿ ದೊಡ್ಡ ವ್ಯತ್ಯಾಸವಿಲ್ಲ. ಎರಡನೆಯದರಲ್ಲಿ ಹಾಲು, ಬೆಣ್ಣೆ, ಸಕ್ಕರೆ ಹೆಚ್ಚು.

ಹಿಟ್ಟು

ಬ್ರೆಡ್ ಉಬ್ಬಿ ನಿಲ್ಲುವುದು ಗ್ಲುಟೆನ್‌ನಿಂದ. ಗೋಧಿಯಲ್ಲಿ ಗ್ಲುಟೆನಿನ್, ಗ್ಲಯಾಡಿನ್ ಎಂಬ ಎರಡು ಪ್ರೋಟೀನುಗಳಿವೆ. ನೀರು ಸೇರಿ ನಾದಿದಾಗ ಇವು ಹೆಣೆದುಕೊಂಡು ಹಿಗ್ಗುವ ಬಲೆಯಾಗುತ್ತವೆ. ಯೀಸ್ಟ್ ಬಿಡುವ ಗಾಳಿ ಆ ಬಲೆಯಲ್ಲಿ ಸಿಕ್ಕಿಕೊಂಡು ಕಣಕವನ್ನು ಎತ್ತುತ್ತದೆ. ಜೋಳದಲ್ಲಿ ಗ್ಲುಟೆನ್ ಇಲ್ಲ. ಅದಕ್ಕೇ ಜೋಳದ ಹಿಟ್ಟನ್ನು ಬಿಸಿನೀರಿನಲ್ಲಿ ಕಲಸಿ ಕೈಯಲ್ಲಿ ತಟ್ಟಬೇಕು, ಮತ್ತು ಅದರಿಂದ ಇಂಥ ಬ್ರೆಡ್ ಆಗದು.

ಎಲ್ಲ ಗೋಧಿಯೂ ಒಂದೇ ಥರ ಅಲ್ಲ. ವಿಜಯಪುರ, ಬಾಗಲಕೋಟೆ, ಬೆಳಗಾವಿ ಕಡೆ ಹಿಂದಿನಿಂದ ಬೆಳೆದುಬಂದ ಖಪಲಿ ಗೋಧಿ ಹುಗ್ಗಿಗೆ, ಮಾದಲಿಗೆ, ಶ್ಯಾವಿಗೆಗೆ ಹೆಸರಾದದ್ದು. ಅದರಲ್ಲಿ ಪ್ರೋಟೀನು ಸಾಕಷ್ಟಿದೆ, ಆದರೆ ಅದರ ಗ್ಲುಟೆನ್ ರಬ್ಬರಿನ ಗುಣದ್ದಲ್ಲ. ಎಳೆದರೆ ಚಾಚುತ್ತದೆ, ಗಾಳಿಯನ್ನು ಹಿಡಿದಿಡುವುದಿಲ್ಲ. ಶ್ಯಾವಿಗೆ ಹೊಸೆಯಲು ಬೇಕಾದ ಗುಣವೇ ಬ್ರೆಡ್ಡಿಗೆ ಕೊರತೆಯಾಗುತ್ತದೆ. ಆದ್ದರಿಂದ ದಾಲ್ಚಿನ್ನಿ ಬ್ರೆಡ್ಡಿಗೆ ಸಾಧಾರಣ ಬ್ರೆಡ್ ಗೋಧಿಯಿಂದ ತೆಗೆದ ಮೈದಾ ಬೇಕು. ಅಂಗಡಿಯ ಮೈದಾದಲ್ಲಿ ಪ್ರೋಟೀನು ನೂರಕ್ಕೆ 10ರಿಂದ 11 ಭಾಗದ ಹತ್ತಿರ ಇರುತ್ತದೆ. ಮನೆಯ ಕೆಲಸಕ್ಕೆ ಅಷ್ಟು ಸಾಕು. ಮೂರರಲ್ಲಿ ಒಂದು ಪಾಲು ಚಪಾತಿ ಹಿಟ್ಟು ಬೆರೆಸಬಹುದು. ಅದಕ್ಕಿಂತ ಹೆಚ್ಚಾದರೆ ತವುಡಿನ ಚೂರುಗಳು ಗ್ಲುಟೆನ್ ಬಲೆಯನ್ನು ಕತ್ತರಿಸಿ ಬ್ರೆಡ್ ಗಟ್ಟಿಯಾಗುತ್ತದೆ.

ಯೀಸ್ಟ್, ಹಾಲು, ಬೆಣ್ಣೆ

ಯೀಸ್ಟ್ ಒಂದು ಜೀವಂತ ಶಿಲೀಂಧ್ರ. ಅದು ಸಕ್ಕರೆಯನ್ನು ತಿಂದು ಇಂಗಾಲದ ಡೈಆಕ್ಸೈಡ್ ಮತ್ತು ಮದ್ಯಸಾರವನ್ನು ಬಿಡುತ್ತದೆ. ಮದ್ಯಸಾರ ಬೇಯುವಾಗ ಬಹುಪಾಲು ಹಾರಿಹೋಗುತ್ತದೆ. ಅಂಗಡಿಯಲ್ಲಿ ಸಿಗುವ ಒಣ ಯೀಸ್ಟಿನಲ್ಲಿ ಎರಡು ಬಗೆ. ಇನ್‌ಸ್ಟಂಟ್ ಯೀಸ್ಟನ್ನು ನೇರ ಹಿಟ್ಟಿಗೆ ಬೆರೆಸಬಹುದು. ಆಕ್ಟಿವ್ ಡ್ರೈ ಯೀಸ್ಟನ್ನು ಮಾತ್ರ ಒಂದು ಚಮಚ ಸಕ್ಕರೆ ಹಾಕಿದ ಉಗುರುಬೆಚ್ಚನೆಯ ಹಾಲಿನಲ್ಲಿ ಹತ್ತು ನಿಮಿಷ ನೆನೆಸಿ, ನೊರೆ ಎದ್ದ ಮೇಲೆ ಬಳಸಬೇಕು. ನೊರೆ ಏಳದಿದ್ದರೆ ಯೀಸ್ಟ್ ಸತ್ತಿದೆ ಎಂದರ್ಥ. ಯೀಸ್ಟಿಗೆ ಹಿತವಾದ ಶಾಖ 25ರಿಂದ 38 ಡಿಗ್ರಿ ಸೆಲ್ಸಿಯಸ್. 55 ಡಿಗ್ರಿ ದಾಟಿದರೆ ಅದು ಸಾಯತೊಡಗುತ್ತದೆ. ಬೆರಳಿಟ್ಟರೆ ಸುಡುವ ಹಾಲು ಎಂದೂ ಬೇಡ. ಯೀಸ್ಟಿನ ಡಬ್ಬಿಯ ಮುಚ್ಚಳ ಬಿಗಿದು ಫ್ರಿಜ್ಜಿನಲ್ಲಿಡಬೇಕು. ಬೇಸಿಗೆಯಲ್ಲಿ ಕಪಾಟಿನಲ್ಲಿಟ್ಟ ಯೀಸ್ಟ್ ಬೇಗ ಬಲಗುಂದುತ್ತದೆ.

ಪರದೇಶದ ಅಡುಗೆ ಪುಸ್ತಕಗಳು ಹಾಲನ್ನು ಕುದಿಯ ಹತ್ತಿರಕ್ಕೆ ಕಾಯಿಸಿ ಆರಿಸಿ ಬಳಸಿ ಎನ್ನುತ್ತವೆ. ಹಾಲಿನ ಕೆಲವು ಪ್ರೋಟೀನುಗಳು ಹಸಿಯಾಗಿದ್ದರೆ ಗ್ಲುಟೆನ್ ಸಡಿಲವಾಗುತ್ತದೆ, ಕಾಯಿಸಿದರೆ ಆ ತೊಂದರೆ ನೀಗುತ್ತದೆ. ಇಲ್ಲಿನ ಮನೆಗಳಲ್ಲಿ ಹಾಲು ದಿನವೂ ಕಾಯುವುದರಿಂದ ಆ ಕೆಲಸ ತಾನಾಗಿಯೇ ಆಗಿರುತ್ತದೆ. ಎಮ್ಮೆ ಹಾಲಾದರೆ ಕೆನೆ ತೆಗೆದು ಬಳಸುವುದು ಒಳ್ಳೆಯದು. ಜಿಡ್ಡು ಹೆಚ್ಚಾದಷ್ಟೂ ಉಬ್ಬುವುದು ನಿಧಾನ.

ಬೆಣ್ಣೆ ಎರಡು ಕಡೆ ಬೇಕು. ಕಣಕದೊಳಗೆ ಹೋದ ಬೆಣ್ಣೆ ಬ್ರೆಡ್ಡನ್ನು ಮೃದುವಾಗಿಸಿ ಬೇಗ ಒಣಗದಂತೆ ನೋಡಿಕೊಂಡರೆ, ಪದರಿನ ಮೇಲೆ ಸವರಿದ ಬೆಣ್ಣೆ ತುಂಡುಗಳನ್ನು ಬೇರೆಬೇರೆಯಾಗಿ ಇಡುತ್ತದೆ. ಅಂಗಡಿಯ ಬೆಣ್ಣೆಯಲ್ಲಿ ಜಿಡ್ಡು ನೂರಕ್ಕೆ 80 ಭಾಗ, ಉಳಿದದ್ದು ಹೆಚ್ಚಾಗಿ ನೀರು. ಮನೆಯಲ್ಲಿ ಕಡೆದ ಬೆಣ್ಣೆಯಾದರೆ ಮಜ್ಜಿಗೆಯ ಅಂಶ ಹೋಗುವಂತೆ ತಣ್ಣೀರಿನಲ್ಲಿ ಚೆನ್ನಾಗಿ ತೊಳೆಯಬೇಕು. ತುಪ್ಪದಲ್ಲಿ ನೀರೇ ಇಲ್ಲದ್ದರಿಂದ ಬೆಣ್ಣೆಯ ಬದಲು ಅದನ್ನು ಹಾಕುವವರು ಐದರಲ್ಲಿ ಒಂದು ಪಾಲು ಕಡಿಮೆ ಮಾಡಿಕೊಳ್ಳಬೇಕು.

ಹಲವು ಪರದೇಶಿ ಪಾಕವಿಧಾನಗಳಲ್ಲಿ ಮೊಟ್ಟೆ ಇರುತ್ತದೆ. ಅದು ಕಡ್ಡಾಯವಲ್ಲ. ಬೆಂಗಳೂರಿನಲ್ಲಿ 1898ರಲ್ಲಿ ಶುರುವಾದ ಬಿ.ಬಿ. ಬೇಕರಿಯಿಂದ ಹಿಡಿದು ಕರ್ನಾಟಕದ ಅಯ್ಯಂಗಾರ್ ಬೇಕರಿಗಳು ಮೊಟ್ಟೆಯಿಲ್ಲದ ಬನ್ನು, ಬ್ರೆಡ್ಡುಗಳಿಗೆ ಹೆಸರಾಗಿವೆ. ಇಲ್ಲಿ ಕೊಟ್ಟ ಅಳತೆಯಲ್ಲೂ ಮೊಟ್ಟೆ ಇಲ್ಲ.

ದಾಲ್ಚಿನ್ನಿ

ಕಿರಾಣಿ ಅಂಗಡಿಯಲ್ಲಿ ದಾಲ್ಚಿನ್ನಿ ಎಂದು ಸಿಗುವ ದಪ್ಪ, ಗಟ್ಟಿ, ಒಂದೇ ಸುರುಳಿಯ ಕಂದು ಚಕ್ಕೆ ಹೆಚ್ಚಾಗಿ ಕ್ಯಾಸಿಯಾ ಎಂಬ ಜಾತಿಯದು. ಚೀನಾ, ವಿಯೆಟ್ನಾಂ, ಇಂಡೋನೇಷ್ಯಾಗಳಲ್ಲಿ ಅದನ್ನು ಬೆಳೆಯುತ್ತಾರೆ. ಶ್ರೀಲಂಕಾದ ದಾಲ್ಚಿನ್ನಿಯ ತೊಗಟೆ ತೆಳು. ಹಲವು ಹಾಳೆಗಳು ಒಂದರೊಳಗೊಂದು ಸುತ್ತಿಕೊಂಡಿರುತ್ತವೆ, ಬೆರಳಲ್ಲಿ ಒತ್ತಿದರೆ ಪುಡಿಯಾಗುತ್ತವೆ, ವಾಸನೆ ನವಿರು. ಕ್ಯಾಸಿಯಾದ ಘಾಟು ಜೋರು, ಬೇಯಿಸಿದರೂ ಉಳಿಯುತ್ತದೆ. ಬ್ರೆಡ್ಡಿಗೆ ಎರಡೂ ಆಗುತ್ತವೆ.

ಕ್ಯಾಸಿಯಾದಲ್ಲಿ ಕೌಮರಿನ್ ಎಂಬ ವಸ್ತು ಹೆಚ್ಚಿದೆ. ದಿನವೂ ಹೆಚ್ಚು ಸೇವಿಸಿದರೆ ಕೆಲವರ ಯಕೃತ್ತಿಗೆ ಅದು ಒಳ್ಳೆಯದಲ್ಲ. ದೇಹದ ಪ್ರತಿ ಕಿಲೋ ತೂಕಕ್ಕೆ ದಿನಕ್ಕೆ 0.1 ಮಿಲಿಗ್ರಾಂ ಮೀರಬಾರದು ಎಂದು ಯುರೋಪಿನ ಆಹಾರ ಸುರಕ್ಷತಾ ಪ್ರಾಧಿಕಾರ ಮಿತಿ ಹಾಕಿದೆ. ಇಡೀ ಬ್ರೆಡ್ಡಿಗೆ ಎರಡು ಚಹಾ ಚಮಚ ಪುಡಿ ಹಾಕಿ, ಎಂಟು ಹತ್ತು ಮಂದಿ ಹಂಚಿಕೊಂಡು, ಎಂದೋ ಒಮ್ಮೆ ತಿನ್ನುವುದಕ್ಕೆ ಚಿಂತೆ ಬೇಡ. ಮೇಲಿಂದ ಮೇಲೆ ಮಾಡುವ ಮನೆಗಳಿಗೆ, ಚಿಕ್ಕ ಮಕ್ಕಳಿಗೆ, ಶ್ರೀಲಂಕಾ ದಾಲ್ಚಿನ್ನಿಯೇ ವಾಸಿ.

ದಾಲ್ಚಿನ್ನಿಯ ವಾಸನೆಗೆ ಕಾರಣವಾದ ಸಿನಮಾಲ್ಡಿಹೈಡ್ ಎಂಬ ತೈಲಾಂಶ ಯೀಸ್ಟಿನ ಬೆಳವಣಿಗೆಯನ್ನು ತಡೆಯುತ್ತದೆ. ಪುಡಿಯನ್ನು ಕಣಕಕ್ಕೇ ಹಾಕಿ ನಾದಿದರೆ ಬ್ರೆಡ್ ಸರಿಯಾಗಿ ಉಬ್ಬದಿರುವುದು ಇದರಿಂದಲೇ. ಪದರಿನ ಮೇಲೆ ಉದುರಿಸಿದರೆ ಕಣಕದೊಳಗಿನ ಯೀಸ್ಟಿಗೆ ಅಷ್ಟು ಪೆಟ್ಟು ಬೀಳುವುದಿಲ್ಲ.

ಅಥಣಿ ರಸ್ತೆಯ ಒಣದ್ರಾಕ್ಷಿ, ಕೃಷ್ಣಾ ತೀರದ ಬೆಲ್ಲ

ವಿಜಯಪುರದಿಂದ ಪಶ್ಚಿಮಕ್ಕೆ ಹೊರಟ ಅಥಣಿ ರಸ್ತೆ ತೊರವಿಯನ್ನು ದಾಟಿ, ಸುಮಾರು 20 ಕಿಲೋಮೀಟರಿನಲ್ಲಿ ತಿಕೋಟಾ ಮುಟ್ಟುತ್ತದೆ. ತಿಕೋಟಾ ಸುತ್ತಿನ ಹೊಲಗಳು ದ್ರಾಕ್ಷಿಯ ನೆಲೆ. ಇಲ್ಲಿ ಹೆಚ್ಚಾಗಿ ಬೆಳೆಯುವುದು ಬೀಜವಿಲ್ಲದ ಥಾಮ್ಸನ್ ತಳಿ ಮತ್ತು ಅದರಿಂದ ಬಂದ ತಳಿಗಳು. ಕೊಯ್ದ ಗೊನೆಗಳನ್ನು ಪೊಟ್ಯಾಸಿಯಂ ಕಾರ್ಬೊನೇಟ್ ಮತ್ತು ಡಿಪಿಂಗ್ ಎಣ್ಣೆ ಕಲಸಿದ ನೀರಿನಲ್ಲಿ ಅದ್ದಿ, ನೆರಳಿನ ಶೆಡ್ಡುಗಳಲ್ಲಿ ಅಂತಸ್ತು ಅಂತಸ್ತಾಗಿ ಕಟ್ಟಿದ ಬಲೆಗಳ ಮೇಲೆ ಹರಡುತ್ತಾರೆ. ಆ ದ್ರಾವಣ ಹಣ್ಣಿನ ಮೇಲಿನ ಮೇಣದ ಪೊರೆಯನ್ನು ಸಡಿಲಿಸುತ್ತದೆ. ಎರಡು ವಾರದ ಹೊತ್ತಿಗೆ ಹಣ್ಣು ಒಣಗಿ ಮಣೂಕವಾಗುತ್ತದೆ. ಸುಮಾರು ನಾಲ್ಕು ಕಿಲೋ ಹಸಿ ಹಣ್ಣಿಗೆ ಒಂದು ಕಿಲೋ ಒಣದ್ರಾಕ್ಷಿ. ಅದರ ವ್ಯಾಪಾರ ವಿಜಯಪುರದ ಮಾರುಕಟ್ಟೆಯಲ್ಲೂ ಗಡಿಯಾಚೆ ಸಾಂಗಲಿ ಜಿಲ್ಲೆಯ ತಾಸಗಾಂವದಲ್ಲೂ ನಡೆಯುತ್ತದೆ. ದಾಲ್ಚಿನ್ನಿಗೂ ಒಣದ್ರಾಕ್ಷಿಗೂ ಜಗತ್ತಿನ ಬೇಕರಿಗಳಲ್ಲೆಲ್ಲ ಜೋಡಿ. ಈ ರಸ್ತೆಯ ಮನೆಗಳಿಗೆ ಅದರಲ್ಲಿ ಒಂದು ಮನೆಬಾಗಿಲಲ್ಲೇ ಸಿಗುತ್ತದೆ.

ಹಾಕುವ ಮುಂಚೆ ಒಣದ್ರಾಕ್ಷಿಯನ್ನು ಬೆಚ್ಚನೆಯ ನೀರಿನಲ್ಲಿ ತೊಳೆದು, ಹೊಸ ನೀರಿನಲ್ಲಿ ಹದಿನೈದು ನಿಮಿಷ ನೆನೆಸಿ, ಹಿಂಡಿ, ಬಟ್ಟೆಯಲ್ಲಿ ಒರೆಸಬೇಕು. ಒಣಗಿದ್ದನ್ನು ಹಾಗೇ ಹಾಕಿದರೆ ಅದು ಕಣಕದ ನೀರನ್ನು ಹೀರಿಕೊಳ್ಳುತ್ತದೆ. ಹಸಿರು ಬಣ್ಣ ಉಳಿಯಲೆಂದು ಗಂಧಕದ ಹೊಗೆ ಕೊಟ್ಟ ದ್ರಾಕ್ಷಿಗಂತೂ ತೊಳೆಯುವುದು ಇನ್ನೂ ಮುಖ್ಯ, ಏಕೆಂದರೆ ಗಂಧಕದ ಶೇಷ ಯೀಸ್ಟಿಗೆ ಒಗ್ಗುವುದಿಲ್ಲ.

ಪದರಿನ ಸಿಹಿಗೆ ಪರದೇಶದಲ್ಲಿ ಬ್ರೌನ್ ಶುಗರ್ ಬಳಸುತ್ತಾರೆ. ಬೆಳ್ಳನೆಯ ಸಕ್ಕರೆಗೆ ಕಾಕಂಬಿ ಬೆರೆಸಿ ಮಾಡುವ ಆ ಸಕ್ಕರೆಯ ರುಚಿ ಬೆಲ್ಲದಲ್ಲಿ ಮೊದಲೇ ಇದೆ. ಬಬಲೇಶ್ವರ ತಾಲ್ಲೂಕಿನ ಕೃಷ್ಣಾ ತೀರದಿಂದ ಬಾಗಲಕೋಟೆ ಜಿಲ್ಲೆಯ ಮುಧೋಳ, ಮಹಾಲಿಂಗಪುರದ ತನಕ ಕಬ್ಬಿನ ನಾಡು. ಮಹಾಲಿಂಗಪುರದ ಬೆಲ್ಲದ ಪೇಟೆ ಹೆಸರುವಾಸಿ. ಬ್ರೆಡ್ಡಿಗೆ ಗಟ್ಟಿಯಾದ, ಒಣ ಬೆಲ್ಲವನ್ನೇ ಆರಿಸಿ ತುರಿದುಕೊಳ್ಳಬೇಕು. ಬೆಲ್ಲದಲ್ಲಿ ತೇವವೂ, ತೇವವನ್ನು ಎಳೆದುಕೊಳ್ಳುವ ಗುಣವೂ ಇರುವುದರಿಂದ ಅದು ಬೇಗ ಕರಗಿ ಟಿನ್ನಿನ ತಳಕ್ಕೆ ಇಳಿಯುತ್ತದೆ. ಬೆಲ್ಲದ ಪುಡಿಗೆ ಒಂದು ಚಮಚ ಮೈದಾ ಬೆರೆಸಿದರೆ ಪಾಕ ಪದರಿನಲ್ಲೇ ನಿಲ್ಲುತ್ತದೆ.

ಅಳತೆ

9 ಇಂಚು ಉದ್ದ, 5 ಇಂಚು ಅಗಲದ ಒಂದು ಬ್ರೆಡ್ ಟಿನ್ನಿಗೆ ಸಾಕಾಗುವ ಕಣಕಕ್ಕೆ ಮೈದಾ 350 ಗ್ರಾಂ, ಸಕ್ಕರೆ 45 ಗ್ರಾಂ, ಇನ್‌ಸ್ಟಂಟ್ ಯೀಸ್ಟ್ 6 ಗ್ರಾಂ (ಸುಮಾರು ಎರಡು ಚಹಾ ಚಮಚ), ಉಪ್ಪು 6 ಗ್ರಾಂ (ಒಂದು ಚಹಾ ಚಮಚ), ಕಾಯಿಸಿ ಆರಿಸಿದ ಹಾಲು 210ರಿಂದ 220 ಮಿಲಿಲೀಟರ್, ಮೆತ್ತಗಾದ ಬೆಣ್ಣೆ 45 ಗ್ರಾಂ ಬೇಕು. ಪದರಿಗೆ ಕರಗಿಸಿದ ಬೆಣ್ಣೆ 60 ಗ್ರಾಂ, ಬೆಲ್ಲದ ಪುಡಿ ಅಥವಾ ಸಕ್ಕರೆ 100 ಗ್ರಾಂ, ದಾಲ್ಚಿನ್ನಿ ಪುಡಿ ಎರಡು ಚಹಾ ಚಮಚ, ಚಿಟಿಕೆ ಉಪ್ಪು, ಸಣ್ಣಗೆ ಹೆಚ್ಚಿದ ಒಣದ್ರಾಕ್ಷಿ 50 ಗ್ರಾಂ. ಬಟ್ಟಲಿನ ಅಳತೆಗಿಂತ ತಕ್ಕಡಿಯ ತೂಕ ನಂಬಿಕೆಯದು. ಒತ್ತಿ ತುಂಬಿದ ಮೈದಾ, ಸಡಿಲ ತುಂಬಿದ ಮೈದಾ ಒಂದೇ ಬಟ್ಟಲಿನಲ್ಲಿ ಬೇರೆ ಬೇರೆ ತೂಗುತ್ತವೆ.

ನಾದುವುದು

ಪರಾತದಲ್ಲಿ ಮೈದಾ, ಸಕ್ಕರೆ, ಯೀಸ್ಟ್ ಬೆರೆಸಿ, ಉಪ್ಪನ್ನು ಇನ್ನೊಂದು ಮಗ್ಗುಲಿಗೆ ಹಾಕಿ, ಹಾಲು ಹೊಯ್ದು ಕಲಸಬೇಕು. ಒಂದು ಸಲಕ್ಕೆ ಎಲ್ಲ ಹಾಲನ್ನೂ ಸುರಿಯದೆ ಎರಡು ಚಮಚ ಉಳಿಸಿಕೊಂಡು, ಕಣಕ ಬೇಡಿದರೆ ಮಾತ್ರ ಸೇರಿಸುವುದು ಜಾಣತನ. ಹಿಟ್ಟೆಲ್ಲ ಒದ್ದೆಯಾದ ಮೇಲೆ ಹದಿನೈದು ನಿಮಿಷ ಮುಚ್ಚಿಟ್ಟರೆ ಗ್ಲುಟೆನ್ ತಾನಾಗಿಯೇ ಹೆಣೆಯತೊಡಗಿ ಆಮೇಲಿನ ಶ್ರಮ ಕಡಿಮೆಯಾಗುತ್ತದೆ. ಬೆಣ್ಣೆಯನ್ನು ಕೊನೆಗೆ, ಸ್ವಲ್ಪ ಸ್ವಲ್ಪವಾಗಿ ಸೇರಿಸಬೇಕು. ಮೊದಲೇ ಹಾಕಿದರೆ ಜಿಡ್ಡು ಹಿಟ್ಟಿನ ಕಣಗಳನ್ನು ಸುತ್ತಿಕೊಂಡು ಗ್ಲುಟೆನ್ ಕಟ್ಟಲು ಬಿಡುವುದಿಲ್ಲ.

ಈ ಕಣಕ ಚಪಾತಿಯ ಕಣಕಕ್ಕಿಂತ ಮೆತ್ತಗೆ, ಹೋಳಿಗೆಯ ಕಣಕಕ್ಕಿಂತ ಬಿಗಿ. ಶುರುವಿನಲ್ಲಿ ಕೈಗೆ ಅಂಟುತ್ತದೆ. ಅಂಟಿತೆಂದು ಒಣ ಮೈದಾ ಸೇರಿಸುತ್ತ ಹೋದರೆ ಬ್ರೆಡ್ ಒರಟಾಗುತ್ತದೆ. ಅಂಗೈಯ ಬುಡದಿಂದ ಮುಂದಕ್ಕೆ ತಳ್ಳಿ, ಮಡಿಚಿ, ತಿರುಗಿಸುತ್ತ ಹತ್ತು ಹನ್ನೆರಡು ನಿಮಿಷ ನಾದಿದರೆ ಅಂಟು ಬಿಟ್ಟು ನುಣುಪಾಗುತ್ತದೆ. ಒಂದು ಚೂರನ್ನು ಬೆರಳುಗಳ ನಡುವೆ ಮೆಲ್ಲಗೆ ಹಿಗ್ಗಿಸಿದಾಗ ಹರಿಯದೆ, ಬೆಳಕು ಕಾಣುವಷ್ಟು ತೆಳ್ಳಗಾದರೆ ನಾದಿದ್ದು ಸಾಕು.

ಉಬ್ಬಿಸುವುದು

ಕಣಕವನ್ನು ಬೆಣ್ಣೆ ಸವರಿದ ಬೋಗಾಣಿಯಲ್ಲಿ ಒದ್ದೆ ಬಟ್ಟೆ ಮುಚ್ಚಿ ಇಡಬೇಕು. ಗಾತ್ರ ಇಮ್ಮಡಿಯಾಗುವುದೇ ಗುರುತು, ಗಡಿಯಾರವಲ್ಲ. ಸಕ್ಕರೆ ಯೀಸ್ಟಿನ ನೀರನ್ನು ಎಳೆದುಕೊಳ್ಳುವುದರಿಂದಲೂ ಬೆಣ್ಣೆ ಭಾರವಾದ್ದರಿಂದಲೂ ಸಿಹಿ ಕಣಕ ಪಾವಿನ ಕಣಕಕ್ಕಿಂತ ನಿಧಾನವಾಗಿ ಏಳುತ್ತದೆ. 28 ಡಿಗ್ರಿಯ ಹತ್ತಿರ ಒಂದರಿಂದ ಒಂದೂವರೆ ಗಂಟೆ ಬೇಕಾಗುತ್ತದೆ.

ವಿಜಯಪುರದ ಹವೆ ಇಲ್ಲಿ ದೊಡ್ಡ ಮಾತು. ಏಪ್ರಿಲ್, ಮೇ ತಿಂಗಳಲ್ಲಿ ಮಧ್ಯಾಹ್ನದ ಬಿಸಿಲು 40 ಡಿಗ್ರಿ ಮುಟ್ಟುವಾಗ ಕಣಕ ಮುಕ್ಕಾಲು ಗಂಟೆಯಲ್ಲೇ ಎದ್ದು, ನೋಡದಿದ್ದರೆ ಹುಳಿ ತಿರುಗುತ್ತದೆ, ಬೆಣ್ಣೆಯೂ ಕರಗಿ ಹೊರಬರುತ್ತದೆ. ಆ ದಿನಗಳಲ್ಲಿ ಫ್ರಿಜ್ಜಿನ ತಣ್ಣನೆಯ ಹಾಲಿನಲ್ಲಿ ಕಲಸಿ, ಯೀಸ್ಟನ್ನು ಕಾಲು ಪಾಲು ಕಡಿಮೆ ಮಾಡಿ, ಬೆಳಗಿನ ಹೊತ್ತಿನಲ್ಲೇ ಕೆಲಸ ಮುಗಿಸುವುದು ಒಳಿತು. ಡಿಸೆಂಬರ್, ಜನವರಿಯ ಥಂಡಿಯಲ್ಲಿ ಎರಡು ಗಂಟೆ ದಾಟಬಹುದು. ಆಗ ಬೋಗಾಣಿಯನ್ನು ಬಿಸಿನೀರಿನ ಪಾತ್ರೆಯ ಜೊತೆ ಮುಚ್ಚಿದ ಓವನ್ನಿನೊಳಗೆ, ಓವನ್ ಹಚ್ಚದೆ, ಇಡಬಹುದು. ಬೆರಳನ್ನು ಮೈದಾದಲ್ಲಿ ಅದ್ದಿ ಕಣಕಕ್ಕೆ ಒತ್ತಿದಾಗ ಗುಳಿ ಹಾಗೇ ನಿಂತರೆ ಉಬ್ಬಿದ್ದು ಸಾಕು, ತಟ್ಟನೆ ತುಂಬಿಕೊಂಡರೆ ಇನ್ನೂ ಹೊತ್ತು ಬೇಕು.

ಕೆಲಸವನ್ನು ಎರಡು ದಿನಕ್ಕೆ ಹಂಚಲೂ ಬರುತ್ತದೆ. ಕಲಸಿದ ಕಣಕವನ್ನು ಮುಚ್ಚಿ ರಾತ್ರಿ ಫ್ರಿಜ್ಜಿನಲ್ಲಿಟ್ಟರೆ ಅದು ಮೆಲ್ಲಗೆ ಉಬ್ಬುತ್ತದೆ, ರುಚಿಯೂ ಹೆಚ್ಚುತ್ತದೆ. ಗಟ್ಟಿಯಾದ ಬೆಣ್ಣೆಯಿಂದಾಗಿ ಮರುದಿನ ಲಟ್ಟಿಸುವುದು, ಕತ್ತರಿಸುವುದು ಸುಲಭ. ಬೇಸಿಗೆಗೆ ಈ ಕ್ರಮವೇ ಹೇಳಿಮಾಡಿಸಿದ್ದು.

ಪದರು ಜೋಡಿಸುವುದು

ಉಬ್ಬಿದ ಕಣಕವನ್ನು ಮೆಲ್ಲಗೆ ಅದುಮಿ ಗಾಳಿ ತೆಗೆದು, ಹತ್ತು ನಿಮಿಷ ಬಿಟ್ಟು, ಕಟ್ಟೆಯ ಮೇಲೆ ಲಟ್ಟಣಿಗೆಯಿಂದ 20 ಇಂಚು ಉದ್ದ, 12 ಇಂಚು ಅಗಲಕ್ಕೆ ಲಟ್ಟಿಸಬೇಕು. ಲಟ್ಟಿಸುವಾಗ ಕಣಕ ಹಿಂದಕ್ಕೆ ಎಳೆದರೆ ಗ್ಲುಟೆನ್ ಬಿಗಿದಿದೆ ಎಂದರ್ಥ. ಐದು ನಿಮಿಷ ಮುಚ್ಚಿ ಬಿಟ್ಟರೆ ಸಡಿಲಾಗುತ್ತದೆ. ಹಾಳೆಯ ಮೂಲೆಮೂಲೆಗೂ ಕರಗಿದ ಬೆಣ್ಣೆ ಸವರಬೇಕು. ಬೆಣ್ಣೆ ತಪ್ಪಿದ ಜಾಗದಲ್ಲಿ ತುಂಡುಗಳು ಅಂಟಿಕೊಳ್ಳುತ್ತವೆ. ಬೆಲ್ಲ, ದಾಲ್ಚಿನ್ನಿ, ಉಪ್ಪಿನ ಮಿಶ್ರಣವನ್ನು ಸಮನಾಗಿ ಉದುರಿಸಿ, ಒಣದ್ರಾಕ್ಷಿ ಹರಡಿ, ಅಂಗೈಯಿಂದ ಮೆಲ್ಲಗೆ ಒತ್ತಬೇಕು.

ಉದ್ದದ ಬದಿಯನ್ನು ಆರು ಭಾಗ ಮಾಡಿ ಕತ್ತರಿಸಿದರೆ 12 ಇಂಚು ಉದ್ದದ ಆರು ಪಟ್ಟಿಗಳಾಗುತ್ತವೆ. ಅವನ್ನು ಒಂದರ ಮೇಲೊಂದು ಪೇರಿಸಿ, ಅಡ್ಡಡ್ಡ ಮತ್ತೆ ಆರು ಭಾಗ ಮಾಡಿದರೆ ಆರು ಕಟ್ಟುಗಳು, ಒಟ್ಟು 36 ತುಂಡುಗಳು. ಒಳಗೆ ಬೆಣ್ಣೆ ಸವರಿ ಬೆಣ್ಣೆ ಕಾಗದ ಹಾಸಿದ ಟಿನ್ನನ್ನು ಓರೆಯಾಗಿ ನಿಲ್ಲಿಸಿಕೊಂಡು, ಕತ್ತರಿಸಿದ ಅಂಚು ಮೇಲೆ ಬರುವಂತೆ ಒಂದೊಂದೇ ಕಟ್ಟನ್ನು ಜೋಡಿಸಬೇಕು. ಬಿಗಿಯಾಗಿ ತುರುಕಬಾರದು, ತುಂಡುಗಳಿಗೆ ಉಬ್ಬಲು ಎಡೆ ಬೇಕು. ಜೋಡಿಸಿದ ಮೇಲೆ ಮತ್ತೆ 30ರಿಂದ 45 ನಿಮಿಷ ಮುಚ್ಚಿಟ್ಟು, ಕಣಕ ಟಿನ್ನಿನ ಅಂಚಿನ ಹತ್ತಿರ ಬಂದಾಗ ಬೇಯಲು ಇಡಬೇಕು.

ಉದ್ದ ಟಿನ್ ಇಲ್ಲದವರು ಇದೇ ಕಣಕವನ್ನು ಲಿಂಬೆಹಣ್ಣಿಗಿಂತ ಸಣ್ಣ ಉಂಡೆಗಳಾಗಿ ಮಾಡಿ, ಬೆಣ್ಣೆಯಲ್ಲಿ ಅದ್ದಿ, ದಾಲ್ಚಿನ್ನಿ ಬೆಲ್ಲದಲ್ಲಿ ಹೊರಳಿಸಿ, 8 ಇಂಚಿನ ದುಂಡು ಕೇಕ್ ಡಬ್ಬಿಯಲ್ಲಿ ಎರಡು ಸುತ್ತು ಪೇರಿಸಬಹುದು. ಮೊದಲ ಸಲ ಮಾಡುವವರಿಗೆ ಈ ರೂಪವೇ ಸುಲಭ.

ಬೇಯಿಸುವುದು

ಓಟಿಜಿ ಓವನ್ನನ್ನು 175 ಡಿಗ್ರಿಗೆ ಹದಿನೈದು ನಿಮಿಷ ಮೊದಲೇ ಕಾಯಿಸಿಕೊಂಡು, ಟಿನ್ನನ್ನು ನಡುವಿನ ಅಥವಾ ಕೆಳಗಿನ ಕಂಬಿಯ ಮೇಲಿಟ್ಟು 30ರಿಂದ 35 ನಿಮಿಷ ಬೇಯಿಸಬೇಕು. ಟಿನ್ನಿನ ಕೆಳಗೆ ಒಂದು ತಗಡು ಇಟ್ಟರೆ ಉಕ್ಕಿದ ಪಾಕ ಓವನ್ನಿನ ತಳಕ್ಕೆ ಬಿದ್ದು ಸುಡುವುದಿಲ್ಲ. ಮೇಲ್ಮೈ ಬೇಗ ಕಪ್ಪಾಗುತ್ತಿದ್ದರೆ ಇಪ್ಪತ್ತು ನಿಮಿಷದ ಮೇಲೆ ಅಲ್ಯುಮಿನಿಯಂ ಹಾಳೆ ಮುಚ್ಚಬೇಕು. ಮೈಕ್ರೋವೇವ್ ಇರುವವರು ಕನ್ವೆಕ್ಷನ್ ವಿಧಾನವನ್ನೇ ಬಳಸಬೇಕು. ಬರೀ ಮೈಕ್ರೋವೇವ್ ಶಾಖಕ್ಕೆ ಬ್ರೆಡ್ ಕೆಂಪಾಗದೆ ರಬ್ಬರಿನಂತಾಗುತ್ತದೆ.

ಒಲೆಯ ಮೇಲೂ ಬೇಯಿಸಬಹುದು. ದಪ್ಪ ತಳದ ಹಳೆಯ ಡಬರಿ ಅಥವಾ ಕಬ್ಬಿಣದ ಕಡಾಯಿಯಲ್ಲಿ ಒಂದು ಇಂಚು ಮರಳು ಅಥವಾ ಉಪ್ಪು ಹರಡಿ, ಅದರ ಮೇಲೆ ಸಣ್ಣ ಸ್ಟ್ಯಾಂಡ್ ಇಟ್ಟು, ಬಿಗಿಯಾದ ಮುಚ್ಚಳ ಮುಚ್ಚಿ ಹತ್ತು ನಿಮಿಷ ಕಾಯಿಸಬೇಕು. ಆಮೇಲೆ ಡಬ್ಬಿಯನ್ನು ಸ್ಟ್ಯಾಂಡಿನ ಮೇಲಿಟ್ಟು ಸಣ್ಣ ಉರಿಯಲ್ಲಿ 40ರಿಂದ 45 ನಿಮಿಷ ಬೇಯಿಸಬೇಕು. ಕುಕ್ಕರಿನಲ್ಲಿ ಮಾಡುವವರು ಸೀಟಿಯನ್ನೂ ರಬ್ಬರನ್ನೂ ತೆಗೆದಿಡಲೇಬೇಕು. ನೀರಿಲ್ಲದೆ ಕಾಯಿಸಿದರೆ ಕುಕ್ಕರಿನ ಆಯುಷ್ಯ ಕಡಿಮೆಯಾಗುವುದರಿಂದ ಈ ಕೆಲಸಕ್ಕೆ ಹಳೆಯ ಪಾತ್ರೆಯೇ ಸರಿ. ಒಲೆಯ ಮೇಲೆ ಬೆಂದ ಬ್ರೆಡ್ ಮೇಲ್ಗಡೆ ಕೆಂಪಾಗುವುದಿಲ್ಲ. ತಾಟಿಗೆ ಬೋರಲು ಹಾಕಿದರೆ ಪಾಕ ಹಿಡಿದ ತಳವೇ ಮೇಲೆ ಬಂದು ಅಂದವಾಗುತ್ತದೆ.

ಬಿಸಿ ಏರುತ್ತಿದ್ದಂತೆ ಮೊದಲು ಯೀಸ್ಟ್ ಚುರುಕಾಗಿ ಕೊನೆಯ ಸಲ ಕಣಕವನ್ನು ಎತ್ತುತ್ತದೆ, ಬಳಿಕ ಸಾಯುತ್ತದೆ. 60 ಡಿಗ್ರಿ ದಾಟಿದ ಮೇಲೆ ಪಿಷ್ಟ ನೀರು ಕುಡಿದು ಗಟ್ಟಿಯಾಗುತ್ತದೆ, ಗ್ಲುಟೆನ್ ಬಲೆ ಅಲುಗದಂತೆ ನಿಲ್ಲುತ್ತದೆ. ಮೇಲ್ಮೈಯಲ್ಲಿ ಸಕ್ಕರೆಯೂ ಪ್ರೋಟೀನೂ ಸೇರಿ ಕಂದು ಬಣ್ಣ, ಬೇಕರಿಯ ವಾಸನೆ ಹುಟ್ಟುತ್ತದೆ. ಫ್ರಾನ್ಸಿನ ಲೂಯಿ ಕಮಿಲ್ ಮೈಯಾರ್ 1912ರಲ್ಲಿ ವಿವರಿಸಿದ ಈ ಕ್ರಿಯೆಗೆ ಅವನದೇ ಹೆಸರಿದೆ. ಬ್ರೆಡ್ಡಿನ ನಡುವಿಗೆ ಚುಚ್ಚಿದ ಉಷ್ಣಮಾಪಕ 90 ಡಿಗ್ರಿ ಮುಟ್ಟಿದರೆ ಬೆಂದಿದೆ. ಉಷ್ಣಮಾಪಕವಿಲ್ಲದಿದ್ದರೆ ನಡುವಿನ ಎರಡು ತುಂಡುಗಳನ್ನು ಸ್ವಲ್ಪ ಸರಿಸಿ ನೋಡಬಹುದು. ಒಳಗೆ ಹಸಿ ಮೆರುಗು ಕಂಡರೆ ಇನ್ನೂ ಐದಾರು ನಿಮಿಷ ಬೇಕು.

ಇಳಿಸಿದ ಬ್ರೆಡ್ಡನ್ನು ಹತ್ತು ಹದಿನೈದು ನಿಮಿಷ ಟಿನ್ನಿನಲ್ಲೇ ಬಿಟ್ಟು ಹೊರತೆಗೆಯಬೇಕು. ತಡಮಾಡಿದರೆ ಪಾಕ ಆರಿ ಟಿನ್ನಿಗೆ ಕಚ್ಚುತ್ತದೆ. ಬೆಲ್ಲದ ಪಾಕ ಬಿಸಿಯಾಗಿದ್ದಾಗ ಕೈ ಸುಡುತ್ತದೆ, ಮಕ್ಕಳಿಗೆ ಆರಿದ ಮೇಲೆಯೇ ಕೊಡಬೇಕು. ಮೇಲೆ ಸಕ್ಕರೆ ಪುಡಿಗೆ ಹಾಲು, ಕೆಲವು ಹನಿ ಲಿಂಬೆರಸ ಕಲಸಿ ಎಳೆಯಾಗಿ ಬಿಡುವುದುಂಟು. ಲಿಂಬೆಯ ಹುಳಿ ಬೆಲ್ಲದ ಸಿಹಿಯನ್ನು ಹದಗೊಳಿಸುತ್ತದೆ. 2023ರಲ್ಲಿ ಭೌಗೋಳಿಕ ಗುರುತು ಪಡೆದ ಇಂಡಿ ಲಿಂಬೆ ಇದೇ ಜಿಲ್ಲೆಯದು.

ತಪ್ಪುವುದೆಲ್ಲಿ

ಬ್ರೆಡ್ ಉಬ್ಬದೆ ಗಟ್ಟಿಯಾದರೆ ಯೀಸ್ಟ್ ಹಳತಾಗಿರಬೇಕು, ಹಾಲು ಬಿಸಿ ಹೆಚ್ಚಾಗಿರಬೇಕು, ಅಥವಾ ನಾದುವಾಗ ಮೈದಾ ಹೆಚ್ಚು ಸೇರಿರಬೇಕು. ನಡುವೆ ಹಸಿಯಾಗಿ ಮೇಲೆ ಕಪ್ಪಾದರೆ ಓವನ್ನಿನ ಶಾಖ ಜಾಸ್ತಿ, ಇಲ್ಲವೇ ತುಂಡುಗಳು ತೀರ ಬಿಗಿ. ಉಬ್ಬಿದ್ದು ಓವನ್ನಿನಲ್ಲಿ ಕುಸಿದರೆ ಎರಡನೆಯ ಸಲ ಅತಿಯಾಗಿ ಉಬ್ಬಿಸಿದ್ದು ಕಾರಣ, ವಿಜಯಪುರದ ಬೇಸಿಗೆಯಲ್ಲಿ ಹೆಚ್ಚಾಗಿ ಆಗುವ ತಪ್ಪು ಇದೇ. ಪದರು ಬಿಡದಿದ್ದರೆ ಬೆಣ್ಣೆ ಸಾಲದು. ತಳದಲ್ಲೆಲ್ಲ ಪಾಕ ನಿಂತರೆ ಬೆಲ್ಲ ಹಸಿಯಾಗಿತ್ತು ಎಂದು ತಿಳಿಯಬೇಕು.

ಕೆಡದಂತೆ ಇಡುವುದು, ಮಾರುವುದು

ಈ ಬ್ರೆಡ್ ಮಾಡಿದ ದಿನ ಅತಿ ರುಚಿ. ಗಾಳಿಯಾಡದ ಡಬ್ಬಿಯಲ್ಲಿ ಹೊರಗೇ ಎರಡು ದಿನ ಇಡಬಹುದು. ಫ್ರಿಜ್ಜಿನಲ್ಲಿಟ್ಟರೆ ಬೂಸಲು ತಡವಾಗುತ್ತದೆ, ಆದರೆ ಆ ತಂಪಿಗೆ ಪಿಷ್ಟ ಬೇಗ ಬಿರುಸಾಗಿ ಬ್ರೆಡ್ ಒಣಗಿದಂತಾಗುತ್ತದೆ. ಹೆಚ್ಚು ದಿನಕ್ಕೆ ಬೇಕಾದರೆ ತುಂಡುಗಳನ್ನು ಸುತ್ತಿ ಫ್ರೀಜರಿನಲ್ಲಿಡುವುದು ಮೇಲು. ತಿನ್ನುವ ಮೊದಲು ಹಂಚಿನ ಮೇಲೆ, ಮುಚ್ಚಳ ಮುಚ್ಚಿ, ಸಣ್ಣ ಉರಿಯಲ್ಲಿ ಬಿಸಿಮಾಡಿದರೆ ಬಿರುಸಾದ ಪಿಷ್ಟ ಸಡಿಲಾಗಿ ಮತ್ತೆ ಮೆತ್ತಗಾಗುತ್ತದೆ.

ಮನೆಯಲ್ಲಿ ಮಾಡಿ ಮಾರುವವರಿಗೂ ಇದು ತಕ್ಕ ತಿನಿಸು. ಮೈಸೂರಿನಲ್ಲಿ 1950ರಲ್ಲಿ ಸ್ಥಾಪನೆಯಾದ ಕೇಂದ್ರೀಯ ಆಹಾರ ತಂತ್ರಜ್ಞಾನ ಸಂಶೋಧನಾ ಸಂಸ್ಥೆಯಲ್ಲಿ ಹಿಟ್ಟು ಮತ್ತು ಬೇಕರಿ ವಿಷಯಕ್ಕೇ ಒಂದು ವಿಭಾಗವಿದ್ದು, ತರಬೇತಿಯನ್ನೂ ಕೊಡುತ್ತದೆ. 2006ರ ಆಹಾರ ಸುರಕ್ಷತೆ ಕಾಯ್ದೆಯ ಪ್ರಕಾರ ಮನೆಯಿಂದ ಸಣ್ಣ ಪ್ರಮಾಣದಲ್ಲಿ ಮಾರುವವರೂ ನೋಂದಣಿ ಮಾಡಿಸಬೇಕು. ಪೊಟ್ಟಣ ಕಟ್ಟಿ ಮಾರುವಾಗ ಪದಾರ್ಥಗಳ ಪಟ್ಟಿ, ತಯಾರಿಸಿದ ದಿನ, ಎಷ್ಟು ದಿನದೊಳಗೆ ತಿನ್ನಬೇಕೆಂಬ ಸೂಚನೆ ಬರೆಯಬೇಕು. ಗೋಧಿ ಮತ್ತು ಹಾಲು ಒಗ್ಗದ ಜನರಿರುವುದರಿಂದ ಅವೆರಡರ ಹೆಸರು ಎದ್ದು ಕಾಣುವಂತಿರಬೇಕು.